ಅಮ್ ಶೆಡ್ಲಿಯ ಹತ್ತು ನಿಮಿಷದ ನಿದ್ದೆ

ಮೊದಲು ಕಣ್ಣಿಗೆ ಬಿದ್ದದ್ದು ತನ್ನ ಹೆಸರು ಎಂಬುದನ್ನು ಲಮ್ಜೆದ್ ಆಮೇಲೆ ಯಾರ ಹತ್ತಿರವೂ ಹೇಳಿಕೊಳ್ಳಲಿಲ್ಲ. ಮೆಟ್ರೋ ನಿಲ್ದಾಣದ ಎದುರುಗೋಡೆಗೆ ಎರಡಾಳೆತ್ತರದ ಭಿತ್ತಿಚಿತ್ರ ಅಂಟಿಸಿದ್ದರು. ಅದರ ತುಂಬ ಒಂದು ಮುಖ, ಮುಖದ ಕೆಳಗೆ ಮೊಳದುದ್ದದ ಅಕ್ಷರ. ಇಷ್ಟೆಲ್ಲ ಇದ್ದೂ ಅವನ ಕಣ್ಣು ನೆಟ್ಟಗೆ ಹೋಗಿ ಕೂತದ್ದು ಬಲಗಡೆಯ ಕೆಳಮೂಲೆಯಲ್ಲಿ, ಇರುವೆ ಸಾಲಿನ ಹಾಗಿದ್ದ ಒಂದು ಗೆರೆಯ ಮೇಲೆ. ಚಿತ್ರ: ಲಮ್ಜೆದ್ ವೆಸ್ಲಾತಿ. ಅಕ್ಷರ ತಪ್ಪಿರಲಿಲ್ಲ. ಏಳನೇ ತರಗತಿಯವರೆಗೆ ಯಾವ ಮೇಷ್ಟರ ಬಾಯಲ್ಲೂ ನೆಟ್ಟಗೆ ಹೊರಳದ ಹೆಸರು ಈಗ ಟುನಿಸ್ ನಗರದ ಗೋಡೆಯ ಮೇಲೆ ನೆಟ್ಟಗಿತ್ತು. ಎದೆಯೊಳಗೆ ಏನೋ ಬೆಚ್ಚಗೆ ಹರಡಿತು. ಎರಡನೆಯದಾಗಿ ಅವನಿಗೆ ಸಿಟ್ಟು ಬಂದದ್ದು ಬಣ್ಣದ ಮೇಲೆ: ಟೋಪಿಯ ದಾಳಿಂಬೆ ಕೆಂಪು ಮುದ್ರಣದಲ್ಲಿ ಕಿತ್ತಳೆಗೆ ತಿರುಗಿತ್ತು, ಯಾವ ಕುರುಡರು ಅಚ್ಚು ಹಾಕಿದರೋ ಎಂದು ಮನಸ್ಸಿನಲ್ಲೇ ಬೈದ. ಮೂರನೆಯದಾಗಿ, ಇಷ್ಟು ದೊಡ್ಡದು ಮಾಡಿದರೂ ಮುಚ್ಚಿದ ಕಣ್ಣಿನ ರೆಪ್ಪೆಗೂದಲು ಒಂದೊಂದೂ ಎಣಿಸುವ ಹಾಗಿದೆಯಲ್ಲ ಎಂದು ಹಿಗ್ಗಿದ. ಹೆಸರು, ಬಣ್ಣ, ರೆಪ್ಪೆ, ಇವೆಲ್ಲ ಮುಗಿದ ಮೇಲೆ ಅವನಿಗೆ ಹೊಳೆಯಿತು, ಈ ಮುಖದ ಯಜಮಾನ ಅಮ್ ಶೆಡ್ಲಿ ಇನ್ನು ಕಾಲು ಗಂಟೆಯಲ್ಲಿ, ತಾನು ಕೆಲಸಕ್ಕಿರುವ ಟೋಪಿ ಅಂಗಡಿಯ ಬಾಗಿಲಲ್ಲಿ ಕೂತು ತನಗೆ ‘ಬಂದ್ಯಾ ಮಗಾ’ ಎನ್ನಲಿದ್ದಾನೆ. ಆಗ ಅಕ್ಷರ ಓದಿದ. ‘ಇವನು ಮಲಗಿದ್ದಾನೆ. ದೇಶ ಇನ್ನೆಷ್ಟು ಹೊತ್ತು ಕಾಯಬೇಕು?’

ಯಾವುದೋ ದುಡಿಮೆಯ ಅಭಿಯಾನವಂತೆ. ಸೋಮಾರಿತನ ಬಿಡಿ, ಎದ್ದೇಳಿ, ಕೈ ಕೆಸರು ಮಾಡಿಕೊಳ್ಳಿ ಎಂದು ಎಂದೂ ಕೈ ಕೆಸರು ಮಾಡಿಕೊಳ್ಳದವರು ಊರಿಗೆಲ್ಲ ಬುದ್ಧಿ ಹೇಳುವ ಅಭಿಯಾನ. ಲಮ್ಜೆದ್ ಇನ್ನೂ ಹತ್ತಿರ ಹೋದ. ಚಿತ್ರದಲ್ಲಿ ಕೈಗಳೇ ಇರಲಿಲ್ಲ. ಅವನು ತೆಗೆದ ಚಿತ್ರದಲ್ಲಿ ಮುಖ ಮೇಲಿನ ಅರ್ಧ ಮಾತ್ರ. ಕೆಳಗಿನ ಅರ್ಧದಲ್ಲಿ ಮಡಿಲು, ಮಡಿಲಲ್ಲಿ ಅರ್ಧ ಬಾಚಿದ ಇನ್ನೊಂದು ಶಾಶಿಯಾ ಎಂಬ ಕೆಂಪು ಉಣ್ಣೆಟೋಪಿ, ಅದರ ಮೇಲೆ ಮುಳ್ಳುಕಾಯಿಯ ಬಾಚಣಿಗೆ ಹಿಡಿದೇ ಸಡಿಲಗೊಂಡ ಬಲಗೈ, ಬೆರಳ ಸಂದಿಯಲ್ಲೆಲ್ಲ ಕೆಂಪು ಉಣ್ಣೆಯ ಧೂಳು. ನಿದ್ದೆ ಬಂದರೂ ಕೆಲಸ ಕೈಬಿಡದ ಕೈ ಅದು. ಅದಕ್ಕೇ ಆ ಚಿತ್ರ ತೆಗೆದದ್ದು. ಇವರು ಗಲ್ಲದ ಕೆಳಗೆ ನೀಟಾಗಿ ಕತ್ತರಿಸಿ, ಬಾಯಿ ಅರ್ಧ ತೆರೆದು ಗೋಡೆಗೊರಗಿದ ಒಬ್ಬ ಮುದುಕನನ್ನು ಮಾತ್ರ ಉಳಿಸಿಕೊಂಡಿದ್ದರು. ಕತ್ತರಿಸಬಹುದು ಎಂದು ಬರೆದುಕೊಟ್ಟವನು ತಾನೇ. ಬೇಕಾದ ಹಾಗೆ ಬದಲಾಯಿಸಿಕೊಳ್ಳಿ, ವ್ಯಾಪಾರಕ್ಕೂ ಬಳಸಿ, ಯಾರ ಅಪ್ಪಣೆಯೂ ಬೇಡ, ನನ್ನ ಹೆಸರೊಂದನ್ನು ಹಾಕಿ ಸಾಕು. ಹಾಕಿದ್ದರು. ಹಿಂದೆ ನಿಂತ ಹೆಂಗಸೊಬ್ಬಳು ತನ್ನ ಗೆಳತಿಗೆ ಭಿತ್ತಿಚಿತ್ರ ತೋರಿಸಿ, ನಮ್ಮೆಜಮಾನ್ರದ್ದೇ ಫೋಟೋ ತೆಗೆದ ಹಾಗಿದೆ ಕಣೇ ಎಂದಳು. ಇಬ್ಬರೂ ನಕ್ಕರು. ಲಮ್ಜೆದ್ ತಾನೂ ನಗಬೇಕೇನೋ ಎಂಬಂತೆ ತುಟಿ ಅಗಲಿಸಿದ, ಆಮೇಲೆ ಆ ತುಟಿಯನ್ನು ಏನು ಮಾಡಬೇಕೆಂದು ತಿಳಿಯದೆ ಹಾಗೇ ಹಳೆಪೇಟೆಯ ಕಡೆ ನಡೆದ.

ಚಿತ್ರ ತೆಗೆದ ವರ್ಷ ರಮ್ಜಾನ್ ಜೂನ್‌ನಲ್ಲಿ ಬಿದ್ದಿತ್ತು. ಹಗಲು ಮುಗಿಯುತ್ತಲೇ ಇರಲಿಲ್ಲ. ಈದ್‌ಗೆ ಮುಂಚೆ ಲಿಬಿಯಾದ ವ್ಯಾಪಾರಿಗೆ ಮುಟ್ಟಿಸಬೇಕಾದ ಟೋಪಿಗಳ ರಾಶಿ ಅಂಗಡಿಯ ಅಟ್ಟ ಮುಟ್ಟಿತ್ತು. ಅಮ್ ಶೆಡ್ಲಿ ನಸುಕಿನ ಎರಡೂವರೆಗೆ ಸಹರಿಯ ಊಟಕ್ಕೆ ಎದ್ದವನು ಮತ್ತೆ ಮಲಗದೆ ಬಂದು ಬಾಗಿಲು ತೆರೆದಿದ್ದ. ಒಂದು ಹನಿ ನೀರಿಲ್ಲದೆ ಮಧ್ಯಾಹ್ನ ಮೂರರವರೆಗೆ ಹತ್ತೊಂಬತ್ತು ಟೋಪಿ ಬಾಚಿದ್ದ. ಇಪ್ಪತ್ತನೆಯದರಲ್ಲಿ ಕೈ ನಿಂತಿತು. ಬೀದಿಯ ಮಾಡಿನ ಬಿರುಕಿನಿಂದ ಒಂದು ಪಟ್ಟಿ ಬೆಳಕು ಬಂದು ಅವನ ಕೆನ್ನೆಯ ಮೇಲೆ ಬಿದ್ದಿತ್ತು. ಲಮ್ಜೆದ್ ಕ್ಯಾಮೆರಾ ಎತ್ತಿದ. ಎಬ್ಬಿಸಿ ಕೇಳಬಹುದಿತ್ತು, ಎಬ್ಬಿಸಿದರೆ ಚಿತ್ರವೆಲ್ಲಿ? ಎದ್ದ ಮೇಲೆ ಹೇಳಬಹುದಿತ್ತು. ಹೇಳಿದರೆ ಅಳಿಸು ಎನ್ನುತ್ತಿದ್ದ. ಅಮ್ ಶೆಡ್ಲಿಗೆ ಬಾಯಿ ತೆರೆದುಕೊಂಡು ಯಾರ ಮುಂದೆಯೂ ಕಾಣಿಸಿಕೊಳ್ಳುವುದು ಆಗದು, ಮುಂದಿನ ಎರಡು ಹಲ್ಲಿಲ್ಲದ ಕಾರಣ ನಗುವಾಗಲೂ ಅಂಗೈ ಅಡ್ಡ ಹಿಡಿಯುತ್ತಾನೆ. ಇದೆಲ್ಲ ಗೊತ್ತಿದ್ದೇ ಲಮ್ಜೆದ್ ಗುಂಡಿ ಒತ್ತಿದ್ದ. ಹತ್ತು ನಿಮಿಷಕ್ಕೆ ಮುದುಕ ತಾನಾಗಿ ಎದ್ದು, ಯಾರೂ ನೋಡಲಿಲ್ಲ ತಾನೆ ಎಂಬಂತೆ ಅತ್ತಿತ್ತ ನೋಡಿ, ಇಪ್ಪತ್ತನೆಯ ಟೋಪಿ ಮುಗಿಸಿದ. ನಾನು ನೋಡಲಿಲ್ಲ ಎಂಬ ಮುಖ ಮಾಡಿ ಲಮ್ಜೆದ್ ಕಸ ಗುಡಿಸಿದ್ದ. ಮೂರು ವರ್ಷ ಕಳೆದರೂ ಆ ಮುಖವನ್ನು ತಾನಿನ್ನೂ ತೆಗೆದಿಟ್ಟಿಲ್ಲ ಎಂದು ಈಗ ಅನಿಸಿತು.

ಗುಡಿಸಿದವನು ಮುಂದಿನ ತಿಂಗಳೇ ಹೋಗಿ ಚಪ್ಪಾಳೆ ಗಿಟ್ಟಿಸಿಕೊಂಡಿದ್ದ. ಸಮುದ್ರದ ಕಡೆಯ ಒಂದು ಬಿಳಿ ಮನೆಯಲ್ಲಿ ಕಲೆಯನ್ನು ಹಂಚಿಕೊಳ್ಳುವವರ ಶಿಬಿರ. ಇನ್ಸಾಫ್ ಎಂಬಾಕೆ ನಡೆಸುತ್ತಿದ್ದಳು. ಅರ್ಧ ಫ್ರೆಂಚ್ ಮಾತಾಡುತ್ತಿದ್ದಳು, ಆದರೆ ಲಮ್ಜೆದ್ ಬಾಯಿ ತೆರೆದಾಗ ಮಾತ್ರ ಪೂರ್ತಿ ಊರ ಮಾತಿಗೆ ಇಳಿಯುತ್ತಿದ್ದಳು, ಮಗುವಿಗೆ ಬಗ್ಗುವ ಹಾಗೆ. ಅದು ಅವನಿಗೆ ಉರಿ ಹತ್ತಿಸುತ್ತಿತ್ತು. ಚಿತ್ರಕ್ಕೆ ಯಾವ ಬಗೆಯ ಅನುಮತಿ ಕೊಡಬಹುದೆಂದು ಅವಳು ಹಲಗೆಯ ಮೇಲೆ ಚೌಕ ಬರೆದು ತೋರಿಸಿದಳು. ಓದಿದವರು, ಕಾರಿನಲ್ಲಿ ಬಂದವರು, ಒಬ್ಬೊಬ್ಬರೂ ವ್ಯಾಪಾರಕ್ಕೆ ಬೇಡ, ಬದಲಾಯಿಸುವುದು ಬೇಡ ಎಂದು ಗೆರೆ ಎಳೆದುಕೊಂಡರು. ಲಮ್ಜೆದ್ ಎದ್ದು ನಿಂತ. ಎಲ್ಲದಕ್ಕೂ ಆಗಲಿ ಎಂದ. ಬಾಗಿಲಿಗೆ ಬೀಗ ಹಾಕೋದು ಇದ್ದವರ ಚಟ. ನಮ್ಮ ಬೀದಿಗೆ ಬಂದು ನೋಡಿ, ಅರಿಯಾನಾದ ಹೆಂಗಸರು ಹೆಣೆಯುತ್ತಾರೆ, ಇನ್ನೊಂದು ಊರಿನವರು ತುಳಿದು ಉಣ್ಣೆ ಬಿಗಿ ಮಾಡುತ್ತಾರೆ, ಮತ್ತೊಂದು ಊರಿನವರು ಬಣ್ಣ ಕಟ್ಟುತ್ತಾರೆ, ನಾವು ಬಾಚುತ್ತೇವೆ, ಟೋಪಿ ನನ್ನದು ಅಂತ ಒಬ್ಬ ಹೇಳಲಿ ನೋಡೋಣ ಎಂದ. ಒಬ್ಬ ಹುಡುಗ ಕೈಯೆತ್ತಿ, ನಾಳೆ ನಿಮಗೆ ಬೇಡವಾದ ಕಡೆ ಬಳಸಿದರೆ ವಾಪಸ್ ಪಡೆಯಬಹುದೇ ಎಂದು ಕೇಳಿದ್ದಕ್ಕೆ ಇನ್ಸಾಫ್ ಉತ್ತರಿಸುವ ಮೊದಲೇ ಲಮ್ಜೆದ್, ಕೊಟ್ಟು ಕಿತ್ಕೊಳ್ಳೋನು ಕೊಟ್ಟವನೇ ಅಲ್ಲ ಎಂದುಬಿಟ್ಟ. ಚಪ್ಪಾಳೆ. ಯಾರೋ ಆ ಮಾತನ್ನು ಬರೆದುಕೊಂಡರು. ಹುಟ್ಟಿದಾಗಿನಿಂದ ಇನ್ನೊಬ್ಬರ ಅಂಗಿ, ಇನ್ನೊಬ್ಬರ ಪುಸ್ತಕ, ಇನ್ನೊಬ್ಬರು ಬಿಟ್ಟ ಬೂಟು ಹಾಕಿಕೊಂಡು ಬೆಳೆದವನು ಅಂದು ಮೊದಲ ಬಾರಿಗೆ ಕೊಡುವವರ ಸಾಲಿನಲ್ಲಿ ನಿಂತಿದ್ದ. ಪ್ರತಿ ಟೋಪಿಯ ಒಳಮೈಗೆ ಅಮ್ ಶೆಡ್ಲಿ ತನ್ನ ಅಂಗಡಿಯ ಮುದ್ರೆ ಒತ್ತುತ್ತಾನೆ, ಬೇರೆಯವರ ಮುದ್ರೆ ಇದ್ದರೆ ಮುಟ್ಟುವುದಿಲ್ಲ ಎಂಬುದನ್ನು ಭಾಷಣದಲ್ಲಿ ಬಿಟ್ಟಿದ್ದ. ಸಂಜೆ ಅಲ್ಲೇ ಕೂತು ಚಿತ್ರ ಜಾಲತಾಣಕ್ಕೆ ಏರಿಸಿದ. ‘ಚಿತ್ರದಲ್ಲಿರುವ ವ್ಯಕ್ತಿಯ ಒಪ್ಪಿಗೆ ಪಡೆದಿದ್ದೀರಾ’ ಎಂದಿತ್ತು. ಹೌದು ಎಂದು ಗುರುತು ಹಾಕಿದ. ‘ವ್ಯಕ್ತಿಯ ಹೆಸರು’ ಎಂದಿದ್ದ ಕಡೆ ‘ಮುದುಕ, ಹಳೆಪೇಟೆ’ ಎಂದು ಬರೆದ. ಅಮ್ ಶೆಡ್ಲಿ ಎಂದು ಬರೆದರೆ ಯಾರದೋ ಮನೆಯ ಚಿತ್ರವಾಗುತ್ತದೆ, ಮುದುಕ ಎಂದರೆ ಜಗತ್ತಿನದಾಗುತ್ತದೆ ಎಂದು ಆಗ ತನಗೆ ತಾನೇ ಹೇಳಿಕೊಂಡಿದ್ದ. ಮಾತು ಆಗಲೂ ಚೆನ್ನಾಗಿಯೇ ಕೇಳಿಸಿತ್ತು.

ಅಂಗಡಿ ಮುಟ್ಟಿದಾಗ, ಬಂದ್ಯಾ ಮಗಾ ಎಂದ ಅಮ್ ಶೆಡ್ಲಿ. ಎಂದಿನ ದನಿಯೇ. ಲಮ್ಜೆದ್ ಆ ಎರಡು ಪದವನ್ನು ತಿರುಗಿಸಿ ಮಗುಚಿ ನೋಡಿದ. ಮುದುಕನ ಮನೆ ಪಕ್ಕದ ಹಲ್ಫಾವೀನ್ ಕೇರಿಯಲ್ಲಿ, ನಡೆದು ಬರುತ್ತಾನೆ, ಮೆಟ್ರೋ ಹತ್ತಿ ವರ್ಷಗಳಾಗಿರಬೇಕು, ನೋಡಿರಲಾರ. ಆದರೆ ನೋಡಿದವರು ಸುಮ್ಮನಿರುತ್ತಾರೆಯೇ? ಇಬ್ಬರೂ ಎದುರುಬದುರು ಕೂತು ಬಾಚತೊಡಗಿದರು. ಒಣಗಿದ ಮುಳ್ಳುಕಾಯಿ ಉಣ್ಣೆಯ ಮೇಲೆ ಕರಕರ ಎನ್ನುತ್ತ ನವಿರೆಬ್ಬಿಸುತ್ತಿತ್ತು. ಎದುರಂಗಡಿಯ ಹಸ್ಸೂನಾ ಕಾಫಿ ಹಿಡಿದು ಬಂದು, ಏನು ಶೆಡ್ಲಿ, ನಿದ್ದೆ ಚೆನ್ನಾಗಿ ಆಯ್ತಾ ಎಂದ. ಲಮ್ಜೆದ್‌ನ ಕೈಯಿಂದ ಟೋಪಿ ಜಾರಿತು. ಎಲ್ಲಿ ನಿದ್ದೆ, ಮೂರು ಸಲ ಎದ್ದೆ, ವಯಸ್ಸಾಯ್ತಲ್ಲ ಎಂದ ಅಮ್ ಶೆಡ್ಲಿ, ಅಂಗೈ ಅಡ್ಡ ಹಿಡಿದು ನಕ್ಕು. ಹಸ್ಸೂನಾ ಇದೇ ಪ್ರಶ್ನೆಯನ್ನು ಇಪ್ಪತ್ತು ವರ್ಷದಿಂದ ದಿನಾ ಕೇಳುತ್ತಾನೆಯೇ, ಇವತ್ತು ಮಾತ್ರ ಕೇಳಿದನೇ ಎಂದು ಎಷ್ಟು ಯೋಚಿಸಿದರೂ ಲಮ್ಜೆದ್‌ಗೆ ನೆನಪಾಗಲಿಲ್ಲ. ಇಷ್ಟು ವರ್ಷ ಒಂದೇ ಬೀದಿಯಲ್ಲಿ ಕೂತೂ ಯಾರ ಮಾತನ್ನೂ ತಾನು ಕಿವಿಗೊಟ್ಟು ಕೇಳಿಲ್ಲ, ಬೆಳಕು ಎಲ್ಲಿ ಬೀಳುತ್ತದೆಂದು ಮಾತ್ರ ನೋಡಿದ್ದೇನೆ ಅನಿಸಿತು. ಹಸ್ಸೂನಾ ಹೋಗುವಾಗ ಲಮ್ಜೆದ್‌ನ ಭುಜ ತಟ್ಟಿ, ನೀನು ಭಾರಿ ದೊಡ್ಡ ಮನುಷ್ಯ ಆಗಿದೀಯಪ್ಪ ಎಂದ. ತಟ್ಟಿದ್ದೋ, ಚುಚ್ಚಿದ್ದೋ. ಲಮ್ಜೆದ್ ಅರ್ಧ ಗಂಟೆ ಕೂತ. ಆಮೇಲೆ ಹಲ್ಲು ನೋಯುತ್ತಿದೆ, ವೈದ್ಯರ ಹತ್ತಿರ ಹೋಗಬೇಕು ಎಂದು ಸುಳ್ಳು ಹೇಳಿ ಎದ್ದ. ಹಲ್ಲಿಲ್ಲದವನ ಎದುರು ಹಲ್ಲಿನದೇ ಸುಳ್ಳು ಯಾಕೆ ಬಾಯಿಗೆ ಬಂತೋ. ಅಮ್ ಶೆಡ್ಲಿ ಡಬ್ಬಿ ತೆಗೆದು ಎರಡು ಲವಂಗ ಕೊಟ್ಟ, ಅಗೀಬೇಡ, ಹಾಗೇ ಒತ್ತಿ ಹಿಡ್ಕೋ ಎಂದ.

ಭಿತ್ತಿಚಿತ್ರದ ಅಡಿಯಲ್ಲಿದ್ದ ಜಾಹೀರಾತು ಕಂಪನಿಯ ವಿಳಾಸ ಸರೋವರದ ದಂಡೆಯ ಹೊಸ ಬಡಾವಣೆಯಲ್ಲಿತ್ತು. ಲವಂಗ ಕೆನ್ನೆಯಲ್ಲಿಟ್ಟುಕೊಂಡೇ ಬಸ್ಸಿನಲ್ಲಿ ಹೋದ, ದಾರಿಯುದ್ದಕ್ಕೂ ಬೈಗುಳ ಜೋಡಿಸಿಕೊಂಡ. ಗಾಜಿನ ಕಟ್ಟಡ, ಬಾಗಿಲಲ್ಲಿದ್ದವನು ಇವನ ಬೂಟು ನೋಡಿ, ಸಾಮಾನು ತಂದವರು ಹಿಂದಿನ ಬಾಗಿಲಿಗೆ ಹೋಗಬೇಕು ಎಂದ. ಹೆಸರು ಹೇಳಿದ ಮೇಲೆ ಮಾತ್ರ ಎಲ್ಲ ಬದಲಾಯಿತು. ಸ್ಕಾಂದರ್ ಎಂಬ ಯುವಕ ತಾನೇ ಕೆಳಗಿಳಿದು ಬಂದು ಎರಡೂ ಕೈಯಲ್ಲಿ ಇವನ ಕೈ ಹಿಡಿದುಕೊಂಡ. ಲಮ್ಜೆದ್ ವೆಸ್ಲಾತಿ ನೀವೇನಾ! ಕಾಫಿ ತರಿಸಿದ. ಆ ಚಿತ್ರ ನೋಡಿದ ದಿನವೇ ಇದೇ ಎಂದು ಗೊತ್ತಾಯಿತಂತೆ. ಬೇರೆ ಕಂಪನಿಯವರಾಗಿದ್ದರೆ ಹೆಸರು ನುಂಗಿಹಾಕುತ್ತಿದ್ದರಂತೆ, ತಾವು ಮಾತ್ರ ಮುನ್ನೂರು ಜಾಗದಲ್ಲೂ ಹಾಕಿದ್ದಾರಂತೆ. ಮುನ್ನೂರು. ಜೋಡಿಸಿಕೊಂಡು ಬಂದ ಬೈಗುಳಗಳು ಒಂದೊಂದಾಗಿ ಎದ್ದು ಹೋದವು, ಒಳ್ಳೆಯ ಮನುಷ್ಯನನ್ನು ಬೈಯುವ ಅಭ್ಯಾಸ ಅವಕ್ಕೆ ಇರಲಿಲ್ಲ. ಲಮ್ಜೆದ್ ಕೊನೆಗೆ, ಅವರು ಸೋಮಾರಿಯಲ್ಲ, ಅರವತ್ತು ವರ್ಷದಿಂದ ದುಡಿಯುತ್ತಿದ್ದಾರೆ, ಅಂದು ಉಪವಾಸವಿದ್ದರು, ಇದನ್ನು ತೆಗೆಯಿರಿ ಎಂದ. ಸ್ಕಾಂದರ್ ಗಂಭೀರನಾದ. ಅಯ್ಯೋ, ಅವರ ಬಗ್ಗೆ ನಾವು ಏನೂ ಹೇಳುತ್ತಿಲ್ಲವಲ್ಲ, ಅದು ಒಂದು ಮುಖ ಅಷ್ಟೆ, ಒಂದು ಭಾವ, ನೀವೇ ಮುದುಕ ಎಂದು ಬರೆದಿದ್ದೀರಲ್ಲ ಎಂದ. ಅವನ ದನಿಯಲ್ಲಿ ಒಂದು ಮುಳ್ಳೂ ಇರಲಿಲ್ಲ. ಅನುಮತಿಯ ಪುಟ ತೆರೆದು ಪರದೆಯನ್ನು ಇವನ ಕಡೆ ತಿರುಗಿಸಿದ. ಒಮ್ಮೆ ಕೊಟ್ಟ ಅನುಮತಿ ಹಿಂದಕ್ಕೆ ಪಡೆಯಲಾಗದು ಎಂಬ ಸಾಲಿನ ಮೇಲೆ ಬೆರಳಿಡಲಿಲ್ಲ, ಅಷ್ಟು ಸಭ್ಯ. ಸುಮ್ಮನೆ ಆ ಸಾಲು ಕಾಣುವ ಹಾಗೆ ಕೂತ. ಆಮೇಲೆ ಒಂದೇ ಒಂದು ಪ್ರಶ್ನೆ ಕೇಳಿದ.

“ನೀವು ಅವರನ್ನ ಕೇಳಿದ್ರಿ ತಾನೆ, ಲಮ್ಜೆದ್? ಕೇಳದೆ ತೆಗೆದಿದ್ರೆ ಮಾತು ಬೇರೆ. ಇವತ್ತೇ ಎಲ್ಲಾ ಕಡೆ ಇಳಿಸಿಬಿಡ್ತೀವಿ.”

ಬಾಗಿಲು ಅಲ್ಲಿತ್ತು. ಕೇಳಲಿಲ್ಲ ಎಂಬ ನಾಲ್ಕಕ್ಷರದ ಮಾತು. ಅಂದಿದ್ದರೆ ಮುನ್ನೂರು ಗೋಡೆಯಿಂದ ಅಮ್ ಶೆಡ್ಲಿ ಸಂಜೆಯೊಳಗೆ ಇಳಿದು ಮನೆಗೆ ಹೋಗುತ್ತಿದ್ದ. ಅವನ ಜೊತೆಗೆ ಮುನ್ನೂರು ಲಮ್ಜೆದ್ ವೆಸ್ಲಾತಿಗಳೂ ಇಳಿಯುತ್ತಿದ್ದರು. ಸುಳ್ಳು ಗುರುತು ಹಾಕಿದವನು ಎಂದು ಜಾಲತಾಣದವರು ಬರೆಯುತ್ತಿದ್ದರು, ಇನ್ಸಾಫ್ ಓದುತ್ತಿದ್ದಳು, ಪಾಪ, ಹೆಚ್ಚು ಓದಿಲ್ಲ, ತಿಳಿದಿರಲಿಲ್ಲ ಎಂದು ಫ್ರೆಂಚಿನಲ್ಲಿ ಮರುಗುತ್ತಿದ್ದಳು. ಆ ಮರುಕವನ್ನು ಲಮ್ಜೆದ್ ಕಿವಿಯಾರೆ ಕೇಳಿದ. ಅವರನ್ನು ಕೇಳಿಯೇ ತೆಗೆದಿದ್ದೆ ಎಂದ. ಲವಂಗ ನಾಲಗೆಗೆ ಚುರ್ ಎಂದಿತು. ಸ್ಕಾಂದರ್ ಹಗುರಾಗಿ ನಕ್ಕು, ಗೊತ್ತು ನನಗೆ, ಆದರೂ ಕೇಳಬೇಕಲ್ಲ ಎಂದು ಕಡತದಿಂದ ಒಂದು ಹಾಳೆ ತೆಗೆದು ಮುಂದಿಟ್ಟ. ಹೋದ ತಿಂಗಳು ತಮ್ಮ ಹುಡುಗಿಯೊಬ್ಬಳು ಚಿತ್ರದಲ್ಲಿದ್ದ ಬೀದಿ ಹುಡುಕಿಕೊಂಡು ಹೋಗಿ ಬರೆಸಿಕೊಂಡು ಬಂದಳಂತೆ. ‘ಛಾಯಾಗ್ರಾಹಕರು ನನ್ನನ್ನು ಮೊದಲೇ ಕೇಳಿದ್ದರು, ನಾನು ಸಂತೋಷದಿಂದ ಒಪ್ಪಿದ್ದೆ’ ಎಂದಿತ್ತು. ಕೆಳಗೆ ಅಮ್ ಶೆಡ್ಲಿಯ ಓರೆ ಅಕ್ಷರದ ಸಹಿ. ಸಹಿ ಸಾಲದೆಂಬಂತೆ ಪಕ್ಕದಲ್ಲಿ ನೀಲಿ ಶಾಯಿಯಲ್ಲಿ ಟೋಪಿಯ ಒಳಮೈಗೆ ಒತ್ತುವ ಅಂಗಡಿಯ ಮುದ್ರೆ. ಇಬ್ಬರ ಸುಳ್ಳೂ ಒಂದೇ ಹಾಳೆಯ ಮೇಲೆ ಕೂಡಿ ಸಾಚಾ ಆಗಿ ಕೂತಿದ್ದವು. ಇದೇ ಬಗೆಯ ಇನ್ನಷ್ಟು ಮುಖ ಇದ್ದರೆ ಕಳಿಸಿ, ಸುಕ್ಕು ಇರುವವು, ಎಂದು ಸ್ಕಾಂದರ್ ಬಾಗಿಲವರೆಗೆ ಬಂದು ಬೀಳ್ಕೊಟ್ಟ. ಹೊರಗೆ ಬಂದಾಗ ಬಾಗಿಲಿನವನು ಎದ್ದು ನಿಂತಿದ್ದ.

ವಾಪಸಾಗುವಾಗ ಬಸ್ಸಿನಲ್ಲಿ ಅವನಿಗೆ ಬಂದದ್ದು ಪಶ್ಚಾತ್ತಾಪವಲ್ಲ, ಸಿಟ್ಟು. ಅದೂ ಮುದುಕನ ಮೇಲೆ. ಒಂದು ತಿಂಗಳಿಂದ ಗೊತ್ತಿದ್ದೂ ಎದುರು ಕೂತು ಟೋಪಿ ಬಾಚಿದ್ದಾನೆ. ಆ ಹುಡುಗಿ ಬಂದದ್ದು ತಾನು ಅರಿಯಾನಾಕ್ಕೆ ಟೋಪಿ ತರಲು ಹೋದ ದಿನವಿರಬೇಕು. ತಿಂಗಳಿಡೀ ತನ್ನ ಮುಖ ನೋಡಿ ಒಳಗೊಳಗೇ ನಕ್ಕಿರಬೇಕು, ಈಗ ಹೇಳುತ್ತಾನೆ, ಆಗ ಹೇಳುತ್ತಾನೆ ಎಂದು ಕಾದಿರಬೇಕು. ನೋಡದ ಮುಖ ಮಾಡುವುದು ತನಗೊಬ್ಬನಿಗೇ ಬರುತ್ತದೆ ಎಂದುಕೊಂಡಿದ್ದನಲ್ಲ. ಅಂಗಡಿ ಹೊಕ್ಕಾಗ ಅಮ್ ಶೆಡ್ಲಿ ಹಲ್ಲು ಕಿತ್ತರಾ ಎಂದು ಕೇಳಿದ. ಲಮ್ಜೆದ್ ನಿಂತೇ ಇದ್ದ.

“ಆ ಹಾಳೆಗೆ ಸಹಿ ಯಾಕೆ ಹಾಕಿದ್ರಿ? ಓದಿ ನೋಡಿದ್ರಾ?”

“ಕನ್ನಡಕ ಮನೇಲಿತ್ತು.”

“ಓದದೆ ಮುದ್ರೆ ಒತ್ತೋದಾ? ಟೋಪಿಗೆ ಒತ್ತೋವಾಗ ಹತ್ತು ಸಲ ತಿರುಗಿಸಿ ನೋಡ್ತೀರಲ್ಲ!”

ಅಮ್ ಶೆಡ್ಲಿ ಬಾಚಣಿಗೆಯ ಮುಳ್ಳಿಗೆ ಸಿಕ್ಕ ಉಣ್ಣೆಯನ್ನು ಉಗುರಿನಿಂದ ಬಿಡಿಸುತ್ತಿದ್ದ. ಬಿಡಿಸಿ ಮುಗಿಸಿ ಬಾಚಣಿಗೆ ಕೆಳಗಿಟ್ಟ.

“ನಿನ್ನ ಹೆಸರು ಹೇಳಿದ್ಲು ಮಗಾ. ಪೂರ್ತಿ ಹೆಸರು. ಕೈಲಿ ಕಾಗದ, ಕಾಲಲ್ಲಿ ಆಫೀಸಿನ ಬೂಟು. ಪೂರ್ತಿ ಹೆಸರು ಹಿಡ್ಕೊಂಡು ಒಬ್ರು ಈ ಬೀದಿಗೆ ಬಂದ್ರೆ ಅದೇನು ಅಂತ ನಿನ್ನ ವಯಸ್ಸಿನೋರಿಗೆ ಗೊತ್ತಿಲ್ಲ, ನಮಗೆ ಗೊತ್ತು. ಹಿಂದಿನ ಸರ್ಕಾರದಲ್ಲಿ ಪೊಲೀಸ್ನೋರು ಹಾಗೆ ಬಂದು ಕೇಳಿ ಕರ್ಕೊಂಡು ಹೋದ ಹುಡುಗ್ರು ಎಷ್ಟು ಜನ ವಾಪಸ್ ಬರ್ಲಿಲ್ಲ. ಈ ಹುಡುಗ ನಿಮ್ಮವನಾ ಅಂದ್ಲು. ನಮ್ಮೋನೇ ಅಂದೆ. ನಿಮ್ಮನ್ನ ಕೇಳಿದ್ನಾ ಅಂದ್ಲು. ಕೇಳಿದ್ದ ಅಂದೆ. ಏನು ಕೇಳಿದ್ದ ಅಂತ ನಾನು ಕೇಳೋಕೆ ಹೋಗ್ಲಿಲ್ಲ. ಇನ್ನೂ ಗಟ್ಟಿಯಾಗಲಿ ಅಂತ ಮುದ್ರೆನೂ ಒತ್ತಿದೆ.”

ಲಮ್ಜೆದ್ ಕೂತ. ಆ ಪೂರ್ತಿ ಹೆಸರು ಅವಳಿಗೆ ಎಲ್ಲಿಂದ ಸಿಕ್ಕಿತೆಂದು ಮುದುಕ ಕೇಳಲಿಲ್ಲ. ಲೋಕದ ಯಾವ ಮೂಲೆಯಲ್ಲಿ ಬಳಸಿದರೂ ಅದನ್ನು ಹಾಕಲೇಬೇಕು ಎಂದು ಷರತ್ತು ಹಾಕಿದವನು ಎದುರಿಗೇ ಕೂತಿದ್ದ. ಕಾಪಾಡಬೇಕಾದ ಅಪಾಯವೇ ಇಲ್ಲದ ಕಡೆ ಒಬ್ಬ ಮುದುಕ ತನ್ನ ಅಂಗಡಿಯ ಮುದ್ರೆಯನ್ನು ಅಡ್ಡ ಹಿಡಿದಿದ್ದ. ಅದನ್ನೀಗ ಏನೆಂದು ವಾಪಸ್ ಕೊಡುವುದು? ಅವಳು ಪೊಲೀಸಿನವಳಲ್ಲ, ಜಾಹೀರಾತಿನವಳು ಎಂದ ಲಮ್ಜೆದ್. ಗೊತ್ತಾಯಿತು ಮಾರಾಯ, ಹೋಗುವಾಗ ಅವಳೇ ಹೇಳಿದಳು, ನಿಮ್ಮ ಫೋಟೋ ಊರೆಲ್ಲ ಬರುತ್ತದೆ ಅಜ್ಜಾ ಎಂದಳು ಎಂದ ಅಮ್ ಶೆಡ್ಲಿ. ನೀನೇ ಕರೆದುಕೊಂಡು ಹೋಗಿ ತೋರಿಸ್ತೀಯ ಅಂತ ಕಾಯ್ತಿದ್ದೆ, ಹಸ್ಸೂನಾ ಹೋದ ವಾರವೇ ನೋಡಿ ಬಂದ, ಏನಿದೆ ಅಂತ ಬಾಯಿ ಬಿಡಲ್ಲ, ಅಸೂಯೆ ಅವನಿಗೆ ಎಂದ. ಆಮೇಲೆ ಅಂಗೈಯನ್ನು ಬಾಯಿಗೆ ಅಡ್ಡ ತಂದು, ಮದುವೆ ಹುಡುಗನ ಹಾಗೆ ಸಣ್ಣ ದನಿಯಲ್ಲಿ ಕೇಳಿದ: “ಚೆನ್ನಾಗಿ ಬಂದಿದೀನಾ?”

ಚೆನ್ನಾಗಿ ಬಂದಿದೆ ಎಂದ ಲಮ್ಜೆದ್. ಅದು ಸುಳ್ಳಾಗಿರಲಿಲ್ಲ, ಅದೇ ಅವನನ್ನು ಸಾಯಿಸಿತು.

ಇಳಿಹಗಲಿನ ಅಸರ್ ನಮಾಜು ಮುಗಿಸಿ ಅಮ್ ಶೆಡ್ಲಿ ಅಂದು ಬೇಗ ಬಾಗಿಲು ಹಾಕಿದ. ಮಾರಾಟಕ್ಕಿಟ್ಟ ಟೋಪಿಗಳಲ್ಲಿ ಒಂದನ್ನು ಆರಿಸಿ ತಲೆಗಿಟ್ಟುಕೊಂಡ. ದಾರಿಯಲ್ಲಿ ಹೇಳಬೇಕು, ಈ ತಿರುವಿನಲ್ಲಿ, ಆ ಕಮಾನಿನ ಕೆಳಗೆ, ಎಂದು ಲಮ್ಜೆದ್ ಜಾಗ ಗುರುತು ಮಾಡಿಕೊಳ್ಳುತ್ತ ನಡೆದ. ಪ್ರತಿ ಜಾಗ ಬಂದಾಗಲೂ ಮುದುಕ ಗುರುತಿನವರೊಬ್ಬರನ್ನು ನಿಲ್ಲಿಸಿ, ಹುಡುಗನ ಕೆಲಸ ನೋಡೋಕೆ ಹೋಗ್ತಿದೀನಿ ಎನ್ನುತ್ತಿದ್ದ. ನನ್ನ ಚಿತ್ರ ಎನ್ನಲಿಲ್ಲ, ಹುಡುಗನ ಕೆಲಸ ಎಂದ. ಸೂಜಿದಾರ ಮಾರುವವನಿಗೂ ಹೇಳಿದ, ಕಡಲೆಸಾರಿನ ಲಬ್ಲಾಬಿ ಅಂಗಡಿಯವನಿಗೂ ಹೇಳಿದ. ಬೇಡಿ, ನಾಳೆ ಹೋಗೋಣ, ಈಗ ಬೆಳಕು ಸರಿಯಿಲ್ಲ ಎಂದು ಲಮ್ಜೆದ್ ಒಮ್ಮೆ ಅಂದ. ಗೋಡೆಯ ಮೇಲಿರುವ ಚಿತ್ರಕ್ಕೂ ಬೆಳಕು ಬೇಕೇನೋ ಎಂದು ಮುದುಕ ನಕ್ಕ.

ನಿಲ್ದಾಣದಲ್ಲಿ ಆಫೀಸು ಬಿಟ್ಟವರ ಸಂದಣಿ. ಅಮ್ ಶೆಡ್ಲಿ ತನ್ನ ಎರಡಾಳೆತ್ತರದ ಮುಖದ ಎದುರು ನಿಂತ. ಈ ಸಲ ಕನ್ನಡಕ ತಂದಿದ್ದ. ಹಾಕಿಕೊಂಡು, ಮಸೀದಿಯ ಶಾಲೆಯಲ್ಲಿ ಕಲಿತ ಹಾಗೆ ತುಟಿಯಾಡಿಸುತ್ತ ಒಂದೊಂದೇ ಪದ ಓದಿದ. ಇವನು. ಮಲಗಿದ್ದಾನೆ. ದೇಶ. ಕೊನೆಯ ಪದಕ್ಕೆ ಬಂದು ಮತ್ತೆ ಮೊದಲಿನಿಂದ ಓದಿದ. ಲಮ್ಜೆದ್ ಪಕ್ಕದಲ್ಲಿ ನಿಂತು ಹೊಡೆತಕ್ಕೆ ಕಾಯುವವನ ಹಾಗೆ ಭುಜ ಬಿಗಿ ಮಾಡಿಕೊಂಡಿದ್ದ. ಹೊಡೆದಿದ್ದರೆ, ಬೈದಿದ್ದರೆ, ಅತ್ತಿದ್ದರೂ ಆಗುತ್ತಿತ್ತು. ಮುದುಕ ಕನ್ನಡಕ ತೆಗೆದು ಒರೆಸಿ ಜೇಬಿಗಿಟ್ಟ. ಅವತ್ತು ಹತ್ತೊಂಬತ್ತು ಮುಗಿಸಿದ್ದೆ ಎಂದ, ಲೆಕ್ಕ ಒಪ್ಪಿಸುವವನ ಹಾಗೆ, ಗೋಡೆಗೆ. ಆಮೇಲೆ, ಕೈ ಎಲ್ಲಿ ಎಂದ. ಕತ್ತರಿಸಿದ್ದಾರೆ ಎಂದ ಲಮ್ಜೆದ್. ಕತ್ತರಿಸಬಹುದಾ ಎಂದು ಮುದುಕ ಕೇಳಿದ. ನಾನೇ ಬರೆದುಕೊಟ್ಟಿದ್ದೆ ಎಂಬುದು ಲಮ್ಜೆದ್‌ನ ಬಾಯಿಂದ ಅರ್ಧ ಬಂತು, ಅರ್ಧ ಮೆಟ್ರೋದ ಸದ್ದಿನಲ್ಲಿ ಹೋಯಿತು. ಇಳಿದವರು, ಹತ್ತುವವರು, ನೂರಾರು ಜನ ಅವರಿಬ್ಬರ ಸುತ್ತ ಹರಿದುಹೋದರು. ಭಿತ್ತಿಚಿತ್ರವನ್ನೂ ನೋಡಿದರು, ಅದರೆದುರು ನಿಂತ ಮುದುಕನನ್ನೂ ನೋಡಿದರು. ಒಬ್ಬರಿಗೂ ಗುರುತು ಸಿಗಲಿಲ್ಲ. ಒಬ್ಬಾತ, ಸ್ವಲ್ಪ ಜರುಗಿ ತಾತ ಎಂದು ಅವನನ್ನು ಬದಿಗೆ ಸರಿಸಿಯೇ ಹೋದ.

ಅಮ್ ಶೆಡ್ಲಿ ಸರಿದು, ಭಿತ್ತಿಚಿತ್ರದ ಅಡಿಯಲ್ಲಿದ್ದ ಕಲ್ಲಿನ ಬೆಂಚಿನ ಮೇಲೆ ಕೂತ. ನಡೆದು ದಣಿವಾಯಿತು, ಕುಡಿಯಲು ನೀರು ತಾ ಎಂದ. ಲಮ್ಜೆದ್ ಓಡಿದ, ಮುದುಕ ತನಗೆ ಏನಾದರೊಂದು ಕೆಲಸ ಹೇಳಿದನಲ್ಲ ಎಂದೇ ಕಣ್ಣು ತೇವವಾಯಿತು. ಅಂಗಡಿಯಲ್ಲಿ ಚಿಲ್ಲರೆಗೆ ತಡವಾಯಿತು. ಶೀಶೆ ಹಿಡಿದು ಬಂದಾಗ ಬೆಂಚಿನ ಸುತ್ತ ಐದಾರು ಜನ ನಿಂತಿದ್ದರು. ಅಮ್ ಶೆಡ್ಲಿ ಗೋಡೆಗೆ ತಲೆಯೊರಗಿಸಿ, ಟೋಪಿ ಓರೆಯಾಗಿ, ಬಾಯಿ ಅರ್ಧ ತೆರೆದು ಮಲಗಿದ್ದ. ನೇರ ಮೇಲೆ ಅದೇ ಮುಖ, ಅದೇ ಓರೆ. ಬೆನ್ನಿಗೆ ಚೀಲ ಹಾಕಿಕೊಂಡ ಕಾಲೇಜಿನ ಹುಡುಗಿಯೊಬ್ಬಳು ಮೊಬೈಲು ಎತ್ತಿ, ಎರಡೂ ಮುಖ ಒಂದೇ ಚೌಕಟ್ಟಿಗೆ ಬರಲೆಂದು ಹಿಂದೆ ಹಿಂದೆ ಸರಿಯುತ್ತಿದ್ದಳು. ಅವಳ ಮುಖದಲ್ಲಿದ್ದ ಬೆರಗು ಲಮ್ಜೆದ್‌ಗೆ ಚೆನ್ನಾಗಿ ಗೊತ್ತಿತ್ತು. ಅವನು ಜನರನ್ನು ತಳ್ಳಿಕೊಂಡು ಹೋಗಿ ನಡುವೆ ನಿಂತ.

“ಅವರನ್ನ ಕೇಳಿದ್ರಾ?”

“ಮಲಗಿದಾರಲ್ಲ, ಹೇಗೆ ಕೇಳೋದು?” ಎಂದಳು ಹುಡುಗಿ, ಮೆತ್ತಗೆ. ಕೆಟ್ಟದ್ದಕ್ಕಲ್ಲ ಅಣ್ಣಾ, ಎಲ್ಲರೂ ನೋಡಲಿ ಅಂತ, ಇಷ್ಟು ಚೆಂದ ಮತ್ತೆ ಸಿಗಲ್ಲ ಎಂದಳು. ನೀವು ಅವರಿಗೆ ಏನಾಗಬೇಕು ಎಂದಳು. ಮಗನಲ್ಲ. ಕೆಲಸದವನು ಎಂದರೆ ಕಡಿಮೆಯಾಯಿತು, ಶಿಷ್ಯ ಎನ್ನಲು ನಾಲಗೆ ಏಳಲಿಲ್ಲ. ಚಿತ್ರ ತೆಗೆದವನು ಎಂದು ಹೇಳಬಹುದಿತ್ತು, ಬೆರಳು ಮಾಡಿ ತೋರಿಸಿದರೆ ಸಾಕ್ಷಿ ಗೋಡೆಯ ಮೂಲೆಯಲ್ಲೇ ಇತ್ತು. ಎರಡು ಕೈ ಅಗಲಿಸಿ ಅಡ್ಡ ನಿಂತ. ಆಗ ಹಿಂದಿನಿಂದ ಅವನ ಅಂಗಿಯ ತುದಿಯನ್ನು ಯಾರೋ ಜಗ್ಗಿದರು. ಅಮ್ ಶೆಡ್ಲಿ ಕಣ್ಣು ತೆರೆದಿರಲಿಲ್ಲ, ಬಾಯಿ ಕೂಡ ತೆರೆದಿದ್ದ ಹಾಗೆಯೇ ಇತ್ತು. ಅದರೊಳಗಿಂದ ಲಮ್ಜೆದ್‌ಗೆ ಮಾತ್ರ ಕೇಳುವಷ್ಟು ದನಿ ಬಂತು.

“ಅಡ್ಡ ನಿಲ್ಬೇಡ. ತೆಗೀಲಿ. ಕಣ್ಣು ಮುಚ್ಚಿದ್ರೆ ತಾನೆ ಇವರಿಗೆಲ್ಲ ನನ್ನ ಗುರುತು ಸಿಗೋದು. ಈ ಸಲ ಕೈನೂ ಬರಲಿ ಅಂತ ಮುಂದೆ ಇಟ್ಕೊಂಡಿದೀನಿ.”

ಲಮ್ಜೆದ್ ತಿರುಗಿ ನೋಡಿದ. ಕೆಂಪು ಧೂಳು ಕೂತ ಎರಡು ಕೈಗಳು ಮೊಣಕಾಲ ಮೇಲೆ, ಪರೀಕ್ಷೆಗೆ ಇಟ್ಟ ಸಾಮಾನಿನ ಹಾಗೆ, ಅಂಗೈ ಮೇಲಾಗಿ ತೆರೆದುಕೊಂಡಿದ್ದವು. ಅವನಿಗೆ ಸರಿಯಲೂ ಆಗಲಿಲ್ಲ, ನಿಲ್ಲಲೂ ಆಗಲಿಲ್ಲ. ಹುಡುಗಿ ಕಾದು ನೋಡಿದಳು, ಆಮೇಲೆ ತಾನೇ ಎರಡು ಹೆಜ್ಜೆ ಎಡಕ್ಕೆ ಹೋಗಿ ತೆಗೆದುಕೊಂಡಳು. ಚಿತ್ರದ ಒಂದು ಅಂಚಿನಲ್ಲಿ ಅವನ ಭುಜವೂ, ನೀರಿನ ಶೀಶೆಯೂ ಮಸುಕಾಗಿ ಬಂದಿರಬೇಕು. ಪರದೆ ನೋಡಿಕೊಂಡು ಅವಳು, ಪರವಾಗಿಲ್ಲ, ಇಷ್ಟನ್ನು ಕತ್ತರಿಸಿಬಿಡಬಹುದು ಎಂದಳು. ಅವನ ಹೆಸರು ಅವಳು ಕೇಳಲಿಲ್ಲ.